ಗೋಡೆಗೆ ಮುಖ ಮಾಡಿ ನಿಲ್ಲುತ್ತಿದ್ದ ಆಪಾ

ನಮ್ಮ ಓಣಿಯವರೆಲ್ಲ ಅವರನ್ನು ಆಪಾ ಎಂದೇ ಕರೆಯುತ್ತಿದ್ದರು. ಆಪಾ ಅಂದರೆ ಉರ್ದುವಿನಲ್ಲಿ ಅಕ್ಕ. ನನಗಿಂತ ಹದಿನಾರು ವರ್ಷ ಸಣ್ಣವರು, ಆದರೂ ನಾನೂ ಹಾಗೇ ಕರೆಯುತ್ತಿದ್ದೆ. ಅವರ ಹೆಸರನ್ನು ಇಲ್ಲಿ ಬರೆಯುವುದಿಲ್ಲ. ಆ ಹೆಸರನ್ನು ನಾಲ್ಕು ಜನರ ಮುಂದೆ ಕೆಡಿಸಿದವನು ನಾನು. ಅದನ್ನು ಕಾಗದದ ಮೇಲೆ ಇಡುವ ಹಕ್ಕು ನನಗೆ ಉಳಿದಿಲ್ಲ.

ಬೈರಿದೇವರಕೊಪ್ಪದಲ್ಲಿ ನಮ್ಮ ಮನೆಯಿಂದ ಆರನೇ ಮನೆ ಅವರದು. ಮುಂದಿನ ಖೋಲಿಯೇ ಹೊಲಿಗೆ ಅಂಗಡಿ. ಎರಡು ಮಷಿನ್ನು, ಒಂದು ಕಟಿಂಗ್ ಟೇಬಲ್ಲು, ಗೋಡೆಯ ಮೇಲೊಂದು ಕ್ಯಾಲೆಂಡರು. ಗಂಡ ಗಾಡಿ ರಿಪೇರಿ ಮಾಡುತ್ತಿದ್ದ, ಚಿಕ್ಕ ವಯಸ್ಸಿನಲ್ಲೇ ತೀರಿಕೊಂಡ. ಒಬ್ಬಳೇ ಮಗಳು, ಅವಳನ್ನು ಗದಗಿಗೆ ಕೊಟ್ಟಿದ್ದರು. ಆಪಾನ ಕನ್ನಡಕದ ಒಂದು ಕಡ್ಡಿ ಮುರಿದಿತ್ತು. ಅದನ್ನು ದಾರದಿಂದ ಬಿಗಿದು ಕಟ್ಟುತ್ತಿದ್ದರು. ಅಂದು ಮಷಿನ್ನಿನಲ್ಲಿ ಯಾವ ಬಣ್ಣದ ದಾರ ಇರುತ್ತದೋ ಅದೇ ದಾರ. "ಇವತ್ತ ಆಪಾ ಹಸಿರು ಸೀರಿ ಫಾಲ್ ಹಚ್ಚಾಕತ್ತಾರ" ಅಂತ ನನ್ನ ಹೆಂಡತಿ ಅವರ ಕನ್ನಡಕ ನೋಡಿಯೇ ಹೇಳುತ್ತಿದ್ದಳು.

ಅವರು ಕಲಿತದ್ದು ಏಳನೇ ಇಯತ್ತೆ. ನಾನು ಎಸ್ಸೆಸ್ಸೆಲ್ಸಿ ಪಾಸು. ಇಲ್ಲೇ ನಮ್ಮ ಕಡೆಯ ಬೇಲೂರು ಕೈಗಾರಿಕಾ ಪ್ರದೇಶದ ಒಂದು ಕಾರ್ಖಾನೆಯಲ್ಲಿ ಮೂವತ್ತೊಂದು ವರ್ಷ ಪ್ರೆಸ್ ಮಷಿನ್ನಿನ ಮುಂದೆ ನಿಂತವನು. ಆದರೆ ಮೊಬೈಲಿನೊಳಗೆ ರೊಕ್ಕ ಎಲ್ಲಿಂದ ಎಲ್ಲಿಗೆ ಹೋಗುತ್ತದೆ ಅನ್ನುವುದನ್ನು ನನಗೆ ಕಲಿಸಿದವರು ಅವರು. ಗುಂಡಿ, ಲೇಸು, ಹುಕ್ಕು, ಮಷಿನ್ನಿನ ಬೆಲ್ಟು ಎಲ್ಲವನ್ನೂ ಆನ್‌ಲೈನಿನಲ್ಲಿ ತರಿಸುತ್ತಿದ್ದರು. ಪೇಟೆಗಿಂತ ಅಗ್ಗ ಬೀಳುತ್ತಿತ್ತು. ಮೊದಲ ವರ್ಷ ಸಾಕಷ್ಟು ಮೋಸ ಹೋದರಂತೆ. ಆಮೇಲೆ ಒಂದೊಂದು ಮೆಸೇಜನ್ನೂ ಬೆರಳಿಟ್ಟು ನಿಧಾನವಾಗಿ ಓದುವುದನ್ನು ಕಲಿತರು. ಕಂಪನಿಯವರಿಗೆ ಫೋನ್ ಹಚ್ಚಿ, ಸ್ಪೀಕರ್ ಮೇಲೆ ಇಟ್ಟು, ತಾವು ಹೊಲಿಯುತ್ತ ಕೂರುತ್ತಿದ್ದರು. ಆ ಕಡೆಯಿಂದ ಹಾಡು ಬರುತ್ತಲೇ ಇರುತ್ತಿತ್ತು. ಕೊನೆಗೆ ಯಾರೋ ಬಂದು ತಡವಾಯಿತು ಎಂದು ಕ್ಷಮೆ ಕೇಳಿದರೆ, "ಇರ್ಲಿ ತಗೋರಿ. ನಿಮ್ಮ ಹಾಡಿನ್ಯಾಗ ನನ್ನ ಎರಡ ಜಂಪರ್ ಮುಗದಾವು" ಅನ್ನುತ್ತಿದ್ದರು.

ಹೀಗಾಗಿ ಓಣಿಯ ಹೆಣ್ಣುಮಕ್ಕಳು ಬಟ್ಟೆಯ ಜೊತೆ ಮೊಬೈಲನ್ನೂ ತರತೊಡಗಿದರು. ಕಾಳುಕಡಿ ಅಂಗಡಿಯವರ ಹೆಂಡತಿ ಒಮ್ಮೆ ಸಿಟ್ಟಿನಿಂದ ಬಂದದ್ದು ನನಗೆ ನೆನಪಿದೆ. ನಾನು ಹೆಂಡತಿಯ ಜಂಪರ್ ಒಯ್ಯಲು ಬಂದು ಬಾಗಿಲಲ್ಲಿ ನಿಂತಿದ್ದೆ.

"ನೋಡ್ರಿ ಆಪಾ, ಮಿಕ್ಸರ್ ಜಾರ್ ಐದನೂರು ಅಂತ ತೋರ್ಸಿ ಐದನೂರಾ ಎಂಬತ್ತು ಕಿತ್ಗೊಂಡಾರ. ಕಳ್ಳರು!"

ಆಪಾ ಕತ್ತರಿ ಕೆಳಗಿಟ್ಟು ಮೊಬೈಲು ತಗೊಂಡರು. "ಜಂಪರ್ ಕೊಡೂಮುಂದ ನಿಮಗ ನಾ ಏನ್ ಹೇಳ್ತೇನಿ? ಹೊಲಿಗಿ ಇಷ್ಟು, ಅಸ್ತರ್ ಬ್ಯಾರೆ, ಹುಕ್ ಬ್ಯಾರೆ. ಇವರೂ ಹೇಳ್ಯಾರ ನೋಡ್ರಿ. ತಂದು ಕೊಡೂದಕ್ಕ ಇಷ್ಟು, ಮನ್ಯಾಗ ರೊಕ್ಕ ಇಸಗೊಳ್ಳೂದಕ್ಕ ಇಷ್ಟು, ತಮ್ಮ ಫೀ ಇಷ್ಟು. ಆದ್ರ ಸಣ್ಣ ಅಕ್ಷರದಾಗ, ತಳಕ್ಕ. ಅಸ್ತರ್ ಯಾವತ್ತಿದ್ರೂ ಒಳಗ ಇರ್ತೈತ್ರಿ. ರೊಕ್ಕ ಕೊಡೂಕಿಂತ ಮೊದಲ ತಿರುವಿ ನೋಡ್ಬೇಕು."

"ಹಂಗಾರ ನೀವೂ ಅಸ್ತರಿನ್ಯಾಗ ಜಾಸ್ತಿ ತಗೋತೀರಿ ಅನ್ರಿ."

"ತಗೋತೇನಿ. ಆದ್ರ ನಿಮ್ಮ ಮಾರಿ ನೋಡಿ ಹೇಳಿ ತಗೋತೇನಿ."

ಇಬ್ಬರೂ ನಕ್ಕರು. ಜಾರು ಮನೆಯಲ್ಲೇ ಉಳಿಯಿತು.

ಇನ್ನೊಬ್ಬರು ಸೀರೆ ವಾಪಸ್ ಕಳಿಸಿದ್ದರು, ರಿಫಂಡ್ ಆಗಿದೆ ಅಂತ ಮೆಸೇಜು ಬಂದಿತ್ತು, ಪಾಸ್‌ಬುಕ್ಕಿನಲ್ಲಿ ಮಾತ್ರ ಏನೂ ಇಲ್ಲ. ಆಪಾ ಹುಡುಕಿ ತೋರಿಸಿದರು. "ರೊಕ್ಕ ತಿರುಗಿ ಬಂದೈತಿ, ಖರೇ. ಆದ್ರ ನಿಮ್ಮ ಬ್ಯಾಂಕಿಗಲ್ಲ. ಅವರ ಅಂಗಡ್ಯಾಗ ನಿಮ್ಮ ಹೆಸರಿನ ಒಂದು ಡಬ್ಬಿ ಐತಿ, ಅದರಾಗ ಹಾಕ್ಯಾರ. ಮತ್ತ ಅಲ್ಲೇ ಖರ್ಚ ಮಾಡ್ರಿ ಅಂತ." ಆಮೇಲೆ ಅದನ್ನು ಬ್ಯಾಂಕಿಗೆ ತರಿಸಿಕೊಟ್ಟರು. ಅದಕ್ಕೆ ಒಂಬತ್ತು ದಿನ ಬೇಕಾಯಿತು. ದಿನಾ ಬಂದು ಕೇಳುತ್ತಿದ್ದ ಆಕೆಗೆ ಆಪಾನ ಉತ್ತರ ಒಂದೇ: "ಹೊಲಿಯೂದು ಲಗೂ, ಬಿಚ್ಚೂದು ತಡ. ಬಟ್ಟಿ ಹರೀಬಾರದು ನೋಡ್ರಿ."

ಅವರಿಗೆ ಒಂದು ನಿಯಮವಿತ್ತು. ರೊಕ್ಕ ಕಟ್ಟುವ ಹೊತ್ತು ಬಂದಾಗ ಮೊಬೈಲನ್ನು ಅದರ ಮಾಲೀಕರ ಕೈಗೇ ಕೊಟ್ಟು, ತಾವು ಎದ್ದು ಗೋಡೆಗೆ ಮುಖ ಮಾಡಿ ನಿಲ್ಲುತ್ತಿದ್ದರು. ಕೈಯಲ್ಲಿ ಗುರುತು ಹಾಕುವ ಖಡು, ಕೊರಳಲ್ಲಿ ಟೇಪು, ಕಣ್ಣು ಕ್ಯಾಲೆಂಡರಿನ ಮೇಲೆ. ಪಿನ್ ಹೊಡೆದದ್ದು ಆದಮೇಲೆ "ಆತೇನ್ರಿ?" ಅಂತ ಕೇಳಿ, ಆತು ಅಂದ ಮೇಲೆಯೇ ತಿರುಗುತ್ತಿದ್ದರು. ಅವರ ಅಕ್ಕನ ಮಗಳು ಬಂದರೂ ಅಷ್ಟೇ. ನಾನೊಮ್ಮೆ, "ಇಷ್ಟ್ಯಾಕ್ರಿ ಆಪಾ, ನಾವೇನು ಹೊರಗಿನವರೇನು?" ಅಂದೆ.

"ಗುಟ್ಟಿನ ನಂಬರ್ ನಿಮ್ಮದು ಕಾಕಾ. ನನ್ನ ಕಣ್ಣಿಗೆ ಬಿದ್ರ ನನಗ ಭಾರ" ಅಂದರು.

ಇನ್ನು ನನ್ನ ಮಾತಿಗೆ ಬರುತ್ತೇನೆ. ಇಷ್ಟು ಹೊತ್ತು ಸುತ್ತಿ ಬಳಸಿ ಬರೆದದ್ದೂ ಅದನ್ನು ಮುಂದೂಡುವುದಕ್ಕೇ ಇರಬೇಕು.

ಮೂರು ವರ್ಷದ ಹಿಂದೆ ನನ್ನ ಹೆಂಡತಿಯ ಸೊಂಟ ಪೂರ್ತಿ ಕೈಕೊಟ್ಟಿತು. ಡಾಕ್ಟರು ಗಾಲಿಕುರ್ಚಿ ತಗೊಳ್ಳಿರಿ ಅಂದರು. ಆಪಾ ನನ್ನ ಮೊಬೈಲಿನಲ್ಲಿ ಅರ್ಧ ತಾಸು ಹುಡುಕಿ, ನಮ್ಮ ಬಚ್ಚಲ ಬಾಗಿಲಿನ ಅಗಲ ಎಷ್ಟು ಅಂತ ನನ್ನಿಂದ ಅಳತೆ ತರಿಸಿ, ಅದಕ್ಕೆ ಹಿಡಿಯುವಂಥ ಕುರ್ಚಿಯನ್ನು ಆರಿಸಿದರು. ಆರು ಸಾವಿರದ ನಾಲ್ಕುನೂರು ರೂಪಾಯಿ. ಮೊಬೈಲು ನನ್ನ ಕೈಗೆ ಕೊಟ್ಟು, "ಪಿನ್ ಹೊಡದು ಒಮ್ಮೆ ಒತ್ರಿ, ಒತ್ತಿ ಕೈ ತಗೀರಿ. ಚಕ್ರ ತಿರುಗ್ತೈತಿ, ತಿರುಗ್ಲಿ. ಗಡಬಡ ಮಾಡಬ್ಯಾಡ್ರಿ" ಅಂದು ಗೋಡೆಯ ಕಡೆ ತಿರುಗಿದರು.

ನಾನು ಒತ್ತಿದೆ. ಚಕ್ರ ತಿರುಗಿತು, ತಿರುಗುತ್ತಲೇ ಇತ್ತು. ಮನೆಯಲ್ಲಿ ಹೆಂಡತಿ ಒಬ್ಬಳೇ ಇದ್ದಳು, ನನಗೆ ಅವಸರ. ಹಿಂದಕ್ಕೆ ಹೋಗಿ, ಮತ್ತೆ ಪಿನ್ ಹೊಡೆದು, ಮತ್ತೆ ಒತ್ತಿದೆ. ಮೂವತ್ತೊಂದು ವರ್ಷ ಪ್ರೆಸ್ಸಿನ ಮುಂದೆ ನಿಂತವನಿಗೆ, ಎರಡು ಸಲ ಒತ್ತಿದರೆ ಎರಡು ಏಟು ಬೀಳುತ್ತದೆ ಅನ್ನುವುದು ಗೊತ್ತಿರಬೇಕಿತ್ತು.

"ಆತೇನ್ರಿ?"

"ಆತು."

ಬ್ಯಾಂಕಿನಿಂದ ಒಂದರ ಹಿಂದೆ ಒಂದು ಎರಡು ಮೆಸೇಜು ಬಂದವು. ಆಪಾ ತಿರುಗಿ ನೋಡಿದರು. "ಎರಡ ಸಲ ಹೋಗೇತಲ್ರಿ ಕಾಕಾ?"

"ನನಗೇನ್ ಗೊತ್ತು? ನಾ ಒಮ್ಮೆ ಒತ್ತೇನಿ" ಅಂದೆ. ನಾಲಿಗೆ ತಾನಾಗಿಯೇ ಹಾಗೆ ಹೊರಳಿತು. ಓದಿದವನು, ಕಾರ್ಖಾನೆಯಲ್ಲಿ ಇದ್ದವನು ಅನ್ನುವ ದೊಡ್ಡಸ್ತಿಕೆ.

ಅವರು ವಾದ ಮಾಡಲಿಲ್ಲ. ಆರ್ಡರಿನ ಪುಟ ತೆರೆದು ತೋರಿಸಿದರು. "ಆರ್ಡರ್ ನಂಬರ್ ಒಂದ ಐತಿ. ಕುರ್ಚಿ ಒಂದ ಬರ್ತೈತಿ. ಇನ್ನೊಂದರ ಮುಂದ ಪೆಂಡಿಂಗ್ ಅಂತ ಐತಿ, ನೋಡ್ರಿ." ಮೇಜಿನ ಮೇಲಿದ್ದ ಯಾರದೋ ಬಟ್ಟೆಯ ಮೇಲೆ ಖಡುವಿನಿಂದ ಒಂದು ಗೆರೆ ಎಳೆದರು. "ಇದು ಗೆರಿ. ಕತ್ತರಿ ಬಿದ್ದಿಲ್ಲ. ರೊಕ್ಕ ಹಿಡದಿಟ್ಟಾರ, ಅಂಗಡಿಯವರ ಕೈಗೆ ಮುಟ್ಟಿಲ್ಲ. ಏಳ ದಿನ ತಾಳ್ರಿ, ತಾನ ಅಳಿಸಿ ಹೋಗ್ತೈತಿ." ಅಂಗೈಯಿಂದ ಝಾಡಿಸಿದರು. ಗೆರೆ ಹೋಯಿತು.

ನನಗೆ ತಾಳ್ಮೆ ಇರಲಿಲ್ಲ. ಪಿಂಚಣಿ ಬರುವುದೇ ಅಷ್ಟರಷ್ಟು. ಮರುದಿನ ಚಹದ ಅಂಗಡಿಯ ಬೆಂಚಿನ ಮೇಲೆ ನನ್ನಂಥವೇ ಮೂರು ಮುದಿ ತಲೆಗಳ ಮುಂದೆ ಹೇಳಿಕೊಂಡೆ.

"ಪಿನ್ ಎಲ್ಲಿ ಹೊಡದಿ?" ಒಬ್ಬ ಕೇಳಿದ.

"ಆಪಾನ ಅಂಗಡ್ಯಾಗ."

"ಮುಗೀತ ಬಿಡು. ಅದರಾಗೂ ಅವರು..." ಅಂತ ಅಂದು ಮಾತನ್ನು ಅಲ್ಲಿಗೇ ಬಿಟ್ಟು ಚಹ ಕುಡಿದ.

ಆ ಬಿಟ್ಟ ಮಾತು ಏನೆಂದು ನಮಗೆಲ್ಲರಿಗೂ ಗೊತ್ತಿತ್ತು. ಆಕೆ ಗೋಡೆಗೆ ಮುಖ ಮಾಡಿ ನಿಂತಿದ್ದಳಪ್ಪಾ ಅಂತ ನಾನು ಹೇಳಬಹುದಿತ್ತು. ಎರಡು ಸಲ ಒತ್ತಿದವನು ನಾನೇ ಅಂತ ಹೇಳಬಹುದಿತ್ತು. ಹೇಳಲಿಲ್ಲ. ಬೇರೆ ಯಾರ ಅಂಗಡಿಯಾಗಿದ್ದರೂ ಅಷ್ಟು ಸುಲಭವಾಗಿ ಸುಮ್ಮನಿರುತ್ತಿದ್ದೆನೇ? ಈ ಪ್ರಶ್ನೆಯನ್ನು ನನ್ನನ್ನೇ ಎಷ್ಟೋ ಸಲ ಕೇಳಿಕೊಂಡಿದ್ದೇನೆ. ಉತ್ತರ ನನಗೆ ಗೊತ್ತಿದೆ.

ನಾಲ್ಕನೇ ದಿನ ಅವರ ಅಂಗಡಿಗೆ ಹೋದೆ. ಕಾಳುಕಡಿ ಅಂಗಡಿಯವರ ಹೆಂಡತಿ ಇದ್ದಳು, ಇನ್ನೂ ಮೂವರು ಹೆಣ್ಣುಮಕ್ಕಳು ಇದ್ದರು. ಬಾಗಿಲಲ್ಲೇ ನಿಂತು ಅಂದೆ: "ಏನ್ರಿ ಆಪಾ, ನನ್ನ ಇನ್ನೊಂದು ಆರು ಸಾವಿರ ಎಲ್ಲಿಗೆ ಹೋತು? ನಿಮ್ಮ ಗುಂಡಿ, ಲೇಸಿನ ಆರ್ಡರಿಗೆ ಹೋತೇನು?"

ಮಷಿನ್ನು ನಿಂತಿತು. ಆಪಾ ಕನ್ನಡಕ ತೆಗೆದು ತೊಡೆಯ ಮೇಲೆ ಇಟ್ಟುಕೊಂಡರು. ಅಂದು ಕಡ್ಡಿಗೆ ಕಟ್ಟಿದ್ದ ದಾರ ಬಿಳಿಯದು.

"ನಾ ಗೋಡಿ ಕಡೆ ನಿಂತಿದ್ದೆ ಕಾಕಾ" ಅಂದರು ಮೆಲ್ಲಗೆ. "ಏನಾತು ಅನ್ನೂದು ನಿಮ್ಮ ಬೆರಳಿಗೆ ಗೊತ್ತು. ಇನ್ನ ಮೂರ ದಿನ ತಾಳ್ರಿ."

ಅಷ್ಟೇ. ಅಳಲಿಲ್ಲ, ಬೈಯಲಿಲ್ಲ. ಅವರು ಮುಖ ತಿರುಗಿಸದೆ ನನ್ನ ಬೆರಳನ್ನು ನೋಡಿದ್ದರೆ ಅಂದು ಅವರ ಕೈಯಲ್ಲಿ ಸಾಕ್ಷಿ ಇರುತ್ತಿತ್ತು. ಅವರ ಮರ್ಯಾದೆಯೇ ಅವರಿಗೆ ಸಾಕ್ಷಿ ಇಲ್ಲದಂತೆ ಮಾಡಿತು, ಮತ್ತು ಅದರ ಲಾಭವನ್ನು ನಾನು ತಗೊಂಡೆ.

ಏಳನೇ ದಿನ ಮಧ್ಯಾಹ್ನ ರೊಕ್ಕ ತಿರುಗಿ ಬಂತು. ಆರು ಸಾವಿರದ ನಾಲ್ಕುನೂರು, ಒಂದು ಪೈಸೆಯೂ ಕಡಿಮೆ ಇಲ್ಲ. ಪಡಸಾಲೆಯಲ್ಲಿ ಹೊಸ ಗಾಲಿಕುರ್ಚಿಯ ಪಕ್ಕ ಕುಳಿತು ಆ ಮೆಸೇಜನ್ನು ಮೂರು ಸಲ ಓದಿದೆ. ಕೂಡಲೇ ಎದ್ದು ಆರು ಮನೆ ದಾಟಿದ್ದರೆ ಮುಗಿಯುತ್ತಿತ್ತು. ನಾಳೆ ಹೋದರಾಯಿತು ಅಂದುಕೊಂಡೆ. ಮರುದಿನ ಅಂಗಡಿಯಲ್ಲಿ ಜನ ಇದ್ದರು. ಅದರ ಮರುದಿನವೂ ಇದ್ದರು. ಬೈದದ್ದು ಜನರ ಮುಂದೆ, ತಪ್ಪೊಪ್ಪಿಗೆ ಮಾತ್ರ ಜನ ಇಲ್ಲದಾಗ ಆಗಬೇಕು ಅಂತ ನನ್ನ ಆಸೆ. ಹೀಗೆ ವಾರ ಕಳೆಯಿತು. ವಾರ ಕಳೆದ ಮೇಲೆ ಇಷ್ಟು ದಿನ ಯಾಕೆ ಹೇಳಲಿಲ್ಲ ಅನ್ನುವ ಇನ್ನೊಂದು ನಾಚಿಕೆ ಕೂಡಿಕೊಂಡಿತು.

ಹೆಂಡತಿ ಕೇಳಿದಳು: "ಬಂತೇನ್ರಿ ಆ ರೊಕ್ಕ?"

"ಇನ್ನೂ ಇಲ್ಲ."

ಅವಳು ಒಂದು ಗಳಿಗೆ ನನ್ನನ್ನೇ ನೋಡಿದಳು. "ಬರ್ತೈತಿ ಬಿಡ್ರಿ" ಅಂದಳು.

ಇತ್ತ ಆಪಾನ ಅಂಗಡಿಯ ಬಾಗಿಲಿಗೆ ಒಂದು ರಟ್ಟಿನ ತುಂಡು ಬಂತು. "ಇಲ್ಲಿ ಹೊಲಿಗೆ ಮಾತ್ರ." ಯಾರು ಮೊಬೈಲು ತಂದರೂ, "ಬ್ಯಾಡ್ರಿ, ನನ್ನ ಕಣ್ಣು ಮಂಜ ಆಗ್ಯಾವು" ಅನ್ನುತ್ತಿದ್ದರು. ಕೆಲವರು ಬಟ್ಟೆ ಕೊಡುವುದನ್ನೂ ಬಿಟ್ಟು ನವನಗರದ ಟೇಲರ್ ಕಡೆ ಹೋದರು. ಹಿಂದಿನ ಓಣಿಯ ಒಬ್ಬ ಮುದುಕಿಗೆ, ನಿಮ್ಮ ರಿಫಂಡ್ ಕೊಡುತ್ತೇವೆ, ನಂಬರ್ ಹೇಳಿರಿ ಅಂತ ಯಾರೋ ಫೋನ್ ಮಾಡಿ ಎರಡು ತಿಂಗಳ ಪಿಂಚಣಿ ಬಳಿದುಕೊಂಡರು. ಮೊದಲಾಗಿದ್ದರೆ ಆಕೆ ಫೋನ್ ಹಿಡಿದುಕೊಂಡೇ ಆಪಾನ ಕಡೆ ಓಡಿ ಬರುತ್ತಿದ್ದಳು. "ಕೊಡಾವರು ನಂಬರ್ ಕೇಳೂದಿಲ್ಲವ್ವಾ, ಕಸಗೊಳ್ಳಾವರು ಕೇಳ್ತಾರ" ಅಂತ ಆಪಾ ಫೋನ್ ಕಟ್ ಮಾಡುತ್ತಿದ್ದರು. ಆ ಪಿಂಚಣಿ ಹೋದ ಸುದ್ದಿ ಕೇಳಿದ ದಿನ ನನಗೆ ಊಟ ಸೇರಲಿಲ್ಲ. ಆದರೂ ಬಾಯಿ ಬಿಡಲಿಲ್ಲ.

ಎಂಟು ತಿಂಗಳಿಗೆ ಹೆಂಡತಿ ತೀರಿಕೊಂಡಳು. ಆಪಾ ಬಂದಿದ್ದರು. ಒಳಗೆ ಬರದೆ ಗೇಟಿನ ಹತ್ತಿರವೇ ನಿಂತಿದ್ದರು. ಕೆಲಸ ಬಿಟ್ಟು ಹಾಗೇ ಎದ್ದು ಬಂದಿರಬೇಕು, ಹೆಗಲ ಮೇಲಿನ ಸೆರಗಿಗೆ ದಾರ ಪೋಣಿಸಿದ ಸೂಜಿ ಇತ್ತು. ಎಲ್ಲ ಮುಗಿದು ಜನ ಕರಗಿದ ಮೇಲೆ ಹತ್ತಿರ ಬಂದು, "ಹೊತ್ತಿಗೆ ಸರಿಯಾಗಿ ಊಟ ಮಾಡ್ರಿ ಕಾಕಾ. ಕಾಕೂ ಇಲ್ಲ ಅಂತ ಉಪಾಸ ಬೀಳಬ್ಯಾಡ್ರಿ" ಅಂದರು. ಅಂದಾದರೂ ಹೇಳಬಹುದಿತ್ತು. ನಾನು ತಲೆ ಅಲ್ಲಾಡಿಸಿದೆ.

ಹೋದ ತಿಂಗಳು ಆಪಾ ಗದಗಿನಲ್ಲಿ ಮಗಳ ಮನೆಯಲ್ಲಿ ಹೋಗಿಬಿಟ್ಟರು. ಮಲಗಿದವರು ಏಳಲಿಲ್ಲವಂತೆ.

ಮಗಳು ಅಂಗಡಿ ಖಾಲಿ ಮಾಡಲು ಬಂದಳು. ಕೊಟ್ಟ ಬಟ್ಟೆ ಇದ್ದವರು ಬಂದು ಒಯ್ಯಿರಿ ಅಂತ ಮನೆಮನೆಗೆ ಹೇಳಿ ಕಳಿಸಿದಳು. ನನಗೂ ಹೇಳಿ ಕಳಿಸಿದಳು. ನಮ್ಮದೇನು ಬಟ್ಟೆ ಉಳಿದಿರುತ್ತದೆ ಅಂದುಕೊಳ್ಳುತ್ತ ಹೋದೆ. ಒಳಗೆ ಐದಾರು ಹೆಣ್ಣುಮಕ್ಕಳಿದ್ದರು. ಕಾಳುಕಡಿ ಅಂಗಡಿಯವರ ಹೆಂಡತಿ ಕಟಿಂಗ್ ಟೇಬಲ್ಲಿನ ಹತ್ತಿರ ತನ್ನ ಗಂಟು ಹುಡುಕುತ್ತಿದ್ದಳು. ಮಷಿನ್ನಿಗೆ ಬಟ್ಟೆ ಹೊದಿಸಿತ್ತು. ಕ್ಯಾಲೆಂಡರ್ ಇನ್ನೂ ಗೋಡೆಯ ಮೇಲೆಯೇ ಇತ್ತು.

ಮಗಳು ನನಗೆ ಒಂದು ಪೊಟ್ಟಣ ಕೊಟ್ಟಳು. ಬಿಚ್ಚಿ ನೋಡಿದರೆ ಖಣ, ನೇರಳೆ ಬಣ್ಣದ ಜಂಪರ್ ತುಂಡು. ನನ್ನ ಹೆಂಡತಿ ಯಾವಾಗಲೋ ತೆಗೆದಿಟ್ಟುಕೊಂಡಿದ್ದು. ಅದರ ಮೇಲೆ ತೋಳು, ಕೊರಳು, ಬೆನ್ನು ಎಲ್ಲಕ್ಕೂ ಖಡುವಿನ ಗೆರೆ ಹಾಕಿತ್ತು. ಕತ್ತರಿ ಎಲ್ಲಿಯೂ ತಾಗಿರಲಿಲ್ಲ.

"ಇದನ್ನ ಯಾವಾಗ ಕೊಟ್ಟಿದ್ಲು?" ಅಂದೆ.

"ನೀವು ಹೊರಗ ಹೋದಾಗ ಕಾಕೂ ಫೋನ್ ಮಾಡಿ ಅಮ್ಮಿಗೆ ಕರ್ಸಿದ್ರಂತ. ಮನ್ಯಾಗ ಅಳತಿ ತಗೊಂಡು ಬಂದಿದ್ಲು. ಕಾಕೂ ಭಾಳ ಸೊರಗ್ಯಾರ, ಈ ಅಳತಿಗೆ ಕತ್ತರಸಾಕ ನನಗ ಮನಸ ಬರವಲ್ದು, ಸ್ವಲ್ಪ ಮೈ ಹಿಡೀಲಿ, ಆಮ್ಯಾಲ ಕತ್ತರಸ್ತೇನಿ ಅಂತ ಹಂಗ ಇಟ್ಟಿದ್ಲು."

ನಾನು ಆ ಗೆರೆಗಳನ್ನು ನೋಡುತ್ತ ನಿಂತೆ. ನನ್ನ ಹೆಂಡತಿ ಕೊನೆಕೊನೆಗೆ ಎಷ್ಟು ಸಣ್ಣವಳಾಗಿದ್ದಳು ಅನ್ನುವುದು ಆ ಬಟ್ಟೆಯ ಮೇಲೆ ಇತ್ತು.

ಮಗಳು ದನಿ ತಗ್ಗಿಸಿದಳು. "ಅವತ್ತ ಕಾಕೂ ಅಮ್ಮಿಗೆ ಹೇಳಿದ್ರಂತ. ರೊಕ್ಕ ಬಂದೈತಿ, ಮೊಬೈಲ್‌ನ್ಯಾಗ ನಾ ನೋಡೇನಿ, ಅವರು ಬಾಯಿ ಬಿಡವಲ್ರು. ನಾನ ಓಣಿಗೆಲ್ಲಾ ಹೇಳ್ತೇನಿ, ಅಂತ. ಅಮ್ಮಿ ಬ್ಯಾಡ ಅಂದ್ಲಂತ."

"ಯಾಕ?"

"ಅವರ ಹಾಕಿದ ಹೊಲಿಗಿ ಅವರ ಬಿಚ್ಚಲಿ, ನಾವು ಜಗ್ಗಿದ್ರ ಬಟ್ಟಿ ಹರೀತೈತಿ, ಅಂದಿದ್ಲಂತ."

ಹೆಂಡತಿಗೆ ಗೊತ್ತಿತ್ತು. ಆ ಮೆಸೇಜನ್ನು ಅಳಿಸಲು ನನಗೆ ಬರುತ್ತಿರಲಿಲ್ಲ, ಓದಲು ಅವಳಿಗೆ ಬರುತ್ತಿತ್ತು. ಕಲಿಸಿದವರು ಆಪಾನೇ. ಬರ್ತೈತಿ ಬಿಡ್ರಿ ಅಂತ ಅವಳು ಅಂದದ್ದು ರೊಕ್ಕಕ್ಕಲ್ಲ. ನನ್ನ ಬಾಯಿಂದ ಒಂದು ಮಾತು ಬರುತ್ತದೆ ಅಂತ ಒಬ್ಬಳು ಸಾಯುವವರೆಗೂ ಕಾದಳು. ಇನ್ನೊಬ್ಬರು ಗಿರಾಕಿ ಕಳೆದುಕೊಂಡು, ಆರು ಮನೆಯ ಆಚೆ, ಮೂರು ವರ್ಷ ಕಾದರು.

ನಾನು ಖಣವನ್ನು ಎದೆಗೆ ಹಿಡಿದುಕೊಂಡು ಎಲ್ಲರಿಗೂ ಕೇಳುವಂತೆ ಅಂದೆ: "ಎಲ್ಲಾರೂ ಒಂದು ಮಾತು ಕೇಳ್ರವ್ವಾ. ಅವತ್ತ ಎರಡ ಸಲ ಒತ್ತಿದಾವ ನಾನು. ಆಪಾ ಗೋಡಿ ಕಡೆ ನಿಂತಿದ್ರು. ರೊಕ್ಕ ಏಳನೇ ದಿನಕ್ಕ ತಿರುಗಿ ಬಂತು. ನಾ ಯಾರಿಗೂ ಹೇಳಲಿಲ್ಲ."

ಕಾಳುಕಡಿ ಅಂಗಡಿಯವರ ಹೆಂಡತಿ ಕೈಯಲ್ಲಿದ್ದ ಗಂಟನ್ನು ಮೇಜಿನ ಮೇಲೆ ಇಟ್ಟಳು.

"ಆಪಾ ಏಳ ದಿನ ಅಂದಿದ್ರು" ಅಂದಳು. "ನೀವು ಮೂರ ವರ್ಷ ತಗೊಂಡ್ರಿ ಕಾಕಾ. ನಿಮ್ಮ ಮಾತ ಕೇಳಿ ನಾನೂ ನವನಗರಕ್ಕ ಹೋಗಿದ್ದೆ. ಈ ಒಂದ ಜಂಪರ್, ಇದ ವರ್ಷ ತಿರುಗಿ ತಂದ ಕೊಟ್ಟಿದ್ದೆ." ಸೆರಗಿನಿಂದ ಕಣ್ಣು ಒತ್ತಿಕೊಂಡಳು. ಸಿಟ್ಟಿಗೋ, ದುಃಖಕ್ಕೋ ತಿಳಿಯಲಿಲ್ಲ. ಎರಡೂ ಇರಬೇಕು.

ನಾನು ಆಪಾ ಕೂರುತ್ತಿದ್ದ ಸ್ಟೂಲಿನ ಮೇಲೆ ಕುಸಿದು ಕುಳಿತು ಅತ್ತುಬಿಟ್ಟೆ. ಎಪ್ಪತ್ತೊಂದು ವಯಸ್ಸಿನ ಗಂಡಸು, ಅಷ್ಟು ಹೆಣ್ಣುಮಕ್ಕಳ ಮುಂದೆ. ತಲೆ ಎತ್ತಿ ನೋಡಿದಾಗ ಮಗಳು ನನ್ನ ಕಡೆ ನೋಡುತ್ತಿರಲಿಲ್ಲ. ಕ್ಯಾಲೆಂಡರಿನ ಗೋಡೆಗೆ ಮುಖ ಮಾಡಿ ನಿಂತಿದ್ದಳು. ಅವಳಿಗೆ ಅದನ್ನು ಯಾರೂ ಹೇಳಿಕೊಟ್ಟಿರಲಿಕ್ಕಿಲ್ಲ, ನೋಡಿ ನೋಡಿ ಬಂದದ್ದು.

ಸ್ವಲ್ಪ ಹೊತ್ತಿನ ಮೇಲೆ ತಿರುಗದೆಯೇ ಕೇಳಿದಳು: "ಆತೇನ್ರಿ ಕಾಕಾ?"

"ಇನ್ನೂ ಇಲ್ಲವ್ವಾ" ಅಂದೆ.

ಖಣವನ್ನು ಗೆರೆ ಅಳಿಸದಂತೆ ಮಡಚಿಕೊಂಡು ಎದ್ದು, ಮನೆಯ ಕಡೆ ಹೋಗದೆ ಚಹದ ಅಂಗಡಿಯ ಕಡೆ ನಡೆದೆ. ಬೆಂಚಿನ ಮೇಲೆ ಆ ಮೂವರೂ ಕೂತಿದ್ದರು.